ರಟ್ಟಣ್ಣ ಆಕ್ಷೇಪಣೆ ಕೇಳಿಕೊಂಡು ಹೋದದ್ದು

ಆ ಬೆಳಿಗ್ಗೆ ಆಕಾಶ ಹಿಂಡದೆ ಹರವಿದ ಬಟ್ಟೆಯ ಹಾಗೆ ಬೀದಿಯ ಮೇಲೆ ಜೋತುಬಿದ್ದಿತ್ತು. ಮಳೆ ಬರಲಿಲ್ಲ, ಬಿಸಿಲೂ ಬರಲಿಲ್ಲ; ಬರುತ್ತೇವೆಂದು ಹೇಳಿಕಳಿಸಿ ದಾರಿಯಲ್ಲೇ ಉಳಿದುಬಿಟ್ಟ ನೆಂಟರ ಹಾಗೆ ಎರಡೂ ಕಾಯಿಸಿದವು. ಪುಸ್ತಕ ಕಟ್ಟುವವರಿಗೆ ಇಂಥ ದಿನ ಆಗಿಬರುವುದಿಲ್ಲ. ಹಚ್ಚಿದ ಅಂಟು ಒಣಗುವುದಿಲ್ಲ. ರಟ್ಟಿನ ಮೂಲೆಗಳು ಮುನಿಸಿಕೊಂಡವರ ಹಾಗೆ ಮುಖ ತಿರುಗಿಸಿ ಏಳುತ್ತವೆ. ರಟ್ಟಣ್ಣ ಮನೆಯ ಮುಂದಿನ ಕೋಣೆಯಲ್ಲಿ, ಅಂಟಿನ ಡಬ್ಬಿಯ ಮುಂದೆ ಕೈಕಟ್ಟಿ ಕೂತು, ಗಾಳಿಗೆ ಯಾವಾಗ ಒಳ್ಳೆಯ ಬುದ್ಧಿ ಬರುವುದೋ ಎಂದು ನೋಡುತ್ತಿದ್ದ. ಬಂದದ್ದು ಗಾಳಿಯಲ್ಲ, ಅಂಚೆಯವನು.

ಅಂಚೆಯವನು ತಂದ ಲಕೋಟೆಯಲ್ಲಿ ಸರ್ಕಾರದ ಒಂದು ಕಾಗದವೂ ಒಂದು ಕಾರ್ಡೂ ಇದ್ದವು. ತಮಗೆ ಅರವತ್ತು ತುಂಬಿದ್ದಕ್ಕೆ ಸಂತೋಷವಾಗಿದೆಯೆಂದೂ, ಇನ್ನು ಮುಂದೆ ತಾವು ಬಸ್ಸಿನಲ್ಲಿ ಅರ್ಧ ಚಾರ್ಜಿಗೆ ಓಡಾಡಬಹುದೆಂದೂ ಕಾಗದ ಹೇಳಿತ್ತು. ಬೇರೆ ಯಾರಾದರೂ ಆಗಿದ್ದರೆ ಕಾರ್ಡನ್ನು ಕಣ್ಣಿಗೊತ್ತಿಕೊಂಡು ಅದೇ ದಿನ ಎಲ್ಲಿಗಾದರೂ ಸರಿ, ಹೋಗಿಬರುತ್ತಿದ್ದರು. ರಟ್ಟಣ್ಣ ಮಾತ್ರ ಅದನ್ನು ಬಿಸಿ ತಟ್ಟೆ ಹಿಡಿದವನ ಹಾಗೆ ಈ ಕೈಯಿಂದ ಆ ಕೈಗೆ ಬದಲಾಯಿಸಿದ. ಯಾಕೆಂದರೆ ಅವನಿಗೆ ಐವತ್ತೆಂಟು. ಉಳಿದ ಎರಡು ವರ್ಷ ಅವನ ಅಣ್ಣನದು.

ಇದನ್ನು ಸ್ವಲ್ಪ ಬಿಡಿಸಿ ಹೇಳಬೇಕು. ರಟ್ಟಣ್ಣನಿಗೆ ಮೂರು ಹೆಸರು. ರಟ್ಟು ಕೊಯ್ದು ಪುಸ್ತಕ ಕಟ್ಟುವವನಾದ್ದರಿಂದ ಬೀದಿಯವರು ಕೊಟ್ಟದ್ದು ರಟ್ಟಣ್ಣ. ತಾಯಿ ಕರೆಯುವುದು ಚಿಕ್ಕೋನು ಎಂದು. ಮೂರನೆಯದು ಸರ್ಕಾರಿ ಗುರುತಿನ ಚೀಟಿಯಲ್ಲಿರುವ ಹೆಸರು. ಅದು ಪ್ಲಾಸ್ಟಿಕ್ ಚೀಲದಲ್ಲಿ ಸುತ್ತಿಕೊಂಡು ಬೀರುವಿನಲ್ಲಿ ವಾಸವಾಗಿತ್ತು, ವೋಟಿನ ದಿನ ಮಾತ್ರ ಹೊರಗೆ ಬರುತ್ತಿತ್ತು. ಆ ಹೆಸರಿನ ಒಡೆಯ ರಟ್ಟಣ್ಣನಲ್ಲ. ಅವನಿಗಿಂತ ಎರಡು ವರ್ಷ ಮೊದಲು ಹುಟ್ಟಿದ ಅಣ್ಣ. ಅಣ್ಣ ಹುಟ್ಟಿದ್ದು ಆಸ್ಪತ್ರೆಯಲ್ಲಿ, ಹಾಗಾಗಿ ಅವನಿಗೊಂದು ಜನನ ಪತ್ರ ಸಿಕ್ಕಿತು. ಆದರೆ ಆಯುಸ್ಸು ಸಿಗಲಿಲ್ಲ. ಮೂರು ದಿನದ ಜ್ವರದಲ್ಲಿ ಹೊರಟುಹೋದ. ಆಗ ರಟ್ಟಣ್ಣ ನಾಲ್ಕು ತಿಂಗಳ ಕೂಸು, ಮನೆಯಲ್ಲೇ ಹುಟ್ಟಿದವನು, ಎಲ್ಲಿಯೂ ಬರೆಸದವನು. ದುಃಖದಲ್ಲಿ ದೊಡ್ಡವನ ಮರಣವನ್ನು ಬರೆಸುವುದೂ ಮರೆತರು, ಚಿಕ್ಕವನಿಗೆ ಹೆಸರಿಡುವುದನ್ನೂ ಮುಂದಕ್ಕೆ ಹಾಕಿದರು. ಆರು ವರ್ಷವಾದಾಗ ತಂದೆ ಅವನನ್ನು ಶಾಲೆಗೆ ಕರೆದುಕೊಂಡು ಹೋದ. ಜನನ ಪತ್ರ ತನ್ನಿ ಎಂದರು. ಮನೆಯಲ್ಲಿ ಇದ್ದದ್ದು ಒಂದು ಪತ್ರ, ಇದ್ದವನು ಒಬ್ಬ ಮಗ. ತಂದೆ ಎರಡನ್ನೂ ಜೊತೆಗೂಡಿಸಿ ಶಾಲೆಗೆ ಒಪ್ಪಿಸಿ ಬಂದ. ಅದರಲ್ಲಿ ಮೋಸವೇನೂ ಇರಲಿಲ್ಲ, ಆಯಾಸ ಇತ್ತು.

ಹೀಗಾಗಿ ಸರ್ಕಾರದ ಲೆಕ್ಕದಲ್ಲಿ ತೀರಿಹೋದ ಅಣ್ಣ ಶಾಲೆ ಕಲಿತ, ಕಸುಬು ಹಿಡಿದ, ಮದುವೆಯಾದ, ಈಗ ಅರವತ್ತು ತುಂಬಿಸಿಕೊಂಡ. ರಟ್ಟಣ್ಣ ಇನ್ನೂ ಹುಟ್ಟೇ ಇರಲಿಲ್ಲ.

ಇಷ್ಟು ವರ್ಷ ಅವನಿಗೆ ಇದು ಚುಚ್ಚಿರಲಿಲ್ಲ. ಆದರೆ ಅರ್ಧ ಚಾರ್ಜಿನ ಕಾರ್ಡು ಕೈಗೆ ಬಂದ ಮೇಲೆ ಊಟ ಸೇರಲಿಲ್ಲ. ಪ್ರತಿ ಸಲ ಬಸ್ಸು ಹತ್ತಿದಾಗಲೂ ಆ ಪುಟ್ಟ ಮಗುವಿನ ಎರಡು ವರ್ಷವನ್ನು ಕಂಡಕ್ಟರಿನ ಕೈಗೆ ಕೊಟ್ಟ ಹಾಗಾಗುತ್ತದೆ ಎಂದು ಹೆಂಡತಿಯ ಮುಂದೆ ಹೇಳಿಕೊಂಡ. ಹೆಂಡತಿ, ನೀವು ಬಸ್ಸು ಹತ್ತುವುದು ವರ್ಷಕ್ಕೊಂದು ಸಲ, ಅದಕ್ಕೆ ಇಷ್ಟು ಸಂಕಟ ಯಾಕೆ ಎಂದಳು. ಆದರೂ ಗಂಡನ ಮುಖ ನೋಡಿ, ಹೋಗಿ ಸರಿಮಾಡಿಸಿಕೊಂಡು ಬನ್ನಿ, ನಿಮ್ಮ ಹೆಸರಿಗೆ ನೀವೇ ಬನ್ನಿ ಎಂದೂ ಸೇರಿಸಿದಳು.

ಕಿಟಕಿಯ ಪಕ್ಕ ಕೂತು ಕಾಳು ಆರಿಸುತ್ತಿದ್ದ ತಾಯಿಗೆ ಎಂಬತ್ತೆರಡು. ಕಿವಿ ಚುರುಕಾಗಿಯೇ ಇತ್ತು. ರಟ್ಟಣ್ಣ ಅವಳ ಹತ್ತಿರ ಕುಕ್ಕರುಗಾಲಲ್ಲಿ ಕೂತು, ಅಮ್ಮ, ನನಗೇಂತ ಆಗ ಒಂದು ಹೆಸರು ಯೋಚಿಸಿದ್ರಾ, ಅಂತ ಕೇಳಿದ.

"ನೆನಪಿಲ್ಲ ಕಣೋ ಚಿಕ್ಕೋನೆ," ಎಂದಳು ತಾಯಿ, ಕಾಳಿನಿಂದ ಕಣ್ಣೆತ್ತದೆ.

ಒಳಗೆ ಹೋದ ಮೇಲೆ ಹೆಂಡತಿ ಮೆಲ್ಲಗೆ ಹೇಳಿದಳು: "ಅವರ ಮದುವೆ ದಿನ ಯಾರು ಎಷ್ಟು ಹೊತ್ತಿಗೆ ಬಂದ್ರು ಅನ್ನೋದು ಅತ್ತೆಗೆ ಇವತ್ತಿಗೂ ನೆನಪಿದೆ. ಇದು ನೆನಪಿಲ್ವಂತೆ." ರಟ್ಟಣ್ಣ ತಾಯಿಯನ್ನು ಮತ್ತೆ ಕೇಳಲು ಹೋಗಲಿಲ್ಲ. ಯಾರ ಮನಸ್ಸನ್ನೂ ಎಳೆದು ತೆಗೆಯುವ ಕೈ ಅವನದಲ್ಲ. ದೇವರು ಅವನಿಗೆ ಅಂಟಿಸುವ ಕೈ ಕೊಟ್ಟಿದ್ದ, ಕೀಳುವ ಕೈ ಕೊಟ್ಟಿರಲಿಲ್ಲ.

ಜನನ ಮರಣ ದಾಖಲೆಗಳ ಕಚೇರಿಗೆ ರಟ್ಟಣ್ಣ ಹೊಸಬನಲ್ಲ. ಅಲ್ಲಿಯ ರಿಜಿಸ್ಟರುಗಳನ್ನು ಮೂವತ್ತೈದು ವರ್ಷದಿಂದ ಕಟ್ಟಿಕೊಡುತ್ತಿದ್ದವನು ಅವನೇ. ಆದರೆ ಯಾವತ್ತೂ ಹಿಂಬಾಗಿಲಿನಿಂದ ತಲೆಯ ಮೇಲೆ ಪುಸ್ತಕ ಹೊತ್ತು ಹೋದವನು. ಮುಂಬಾಗಿಲಿನಿಂದ ಬರಿಗೈಯಲ್ಲಿ ಹೋದದ್ದು ಅದೇ ಮೊದಲು. ಮೂರನೇ ಕಿಟಕಿಯ ಗುಮಾಸ್ತೆ ಅವನನ್ನು ನೋಡಿ, ಹೊಸ ರಿಜಿಸ್ಟರು ಹಿಂದಿನ ಬಾಗಿಲಲ್ಲಿ ಇಳಿಸಿ ಎಂದ. ರಿಜಿಸ್ಟರಲ್ಲ ಸಾರ್, ನಾನೇ ಬಂದಿದೀನಿ ಎಂದ ರಟ್ಟಣ್ಣ.

ಗುಮಾಸ್ತೆ ಕೆಟ್ಟವನಲ್ಲ. ಒಂದೇ ಮಾತನ್ನು ದಿನಕ್ಕೆ ಎಪ್ಪತ್ತು ಸಲ ಹೇಳಿ ಹೇಳಿ ಅವನ ಮಾತು ಸವೆದು ನುಣುಪಾಗಿತ್ತು, ಅಷ್ಟೆ. ವಯಸ್ಸು ತಿದ್ದಬೇಕಾದರೆ ಹೆಸರು ಬಿಡಬೇಕು. ಹೆಸರು ಬಿಡಬೇಕಾದರೆ ಆ ಹೆಸರಿನವನ ಮರಣ ಬರೆಸಬೇಕು. ಅದಕ್ಕೆ ತಾಯಿಯ ಹೇಳಿಕೆ ಬೇಕು. ಎಲ್ಲಕ್ಕೂ ಮೊದಲು ಮೂವತ್ತು ದಿನ ಸಾರ್ವಜನಿಕರಿಗೆ ತಿಳಿವಳಿಕೆಯ ನೋಟೀಸು ಹಾಕಬೇಕು ಎಂದು ಒಂದೇ ಉಸಿರಿನಲ್ಲಿ ಹೇಳಿದ. ಅರ್ಜಿಯಲ್ಲಿ ಏಳನೇ ಕಲಂ 'ಹೊಸ ಹೆಸರು' ಎಂದಿತ್ತು. ಅಲ್ಲಿಗೆ ಬಂದಾಗ ರಟ್ಟಣ್ಣನ ಪೆನ್ನು ನಿಂತಿತು. ಹೊಸ ಹೆಸರು ಇನ್ನೂ ಗೊತ್ತಿಲ್ಲ ಎಂದ. ಗುಮಾಸ್ತೆ ಅವನನ್ನು ಒಂದು ಕ್ಷಣ ನೋಡಿ, ಮೂವತ್ತು ದಿನ ಇದೆಯಲ್ಲ, ಯೋಚನೆ ಮಾಡಿ ಎಂದು ಅರ್ಜಿಗೆ ಮೊಹರು ಒತ್ತಿದ. ಆಮೇಲೆ ಅರ್ಜಿಯ ಮತ್ತು ತಿಳಿವಳಿಕೆಯ ಪ್ರತಿಗಳ ಜೊತೆ ಹತ್ತು ಖಾಲಿ ನಮೂನೆಗಳನ್ನು ಕೊಟ್ಟು, ಇದು ನಿಮ್ಮ ಬೀದಿಯವರಿಗೆ, ಮೂವತ್ತು ದಿನ ಆದ ಮೇಲೆ ತನ್ನಿ ಎಂದು ಮುಂದಿನವನನ್ನು ಕರೆದ.

ನಮೂನೆಯ ತಲೆಯ ಮೇಲೆ 'ಆಕ್ಷೇಪಣಾ ಪತ್ರ' ಎಂದು ಅಚ್ಚಾಗಿತ್ತು.

ಅನಾಹುತ ಹುಟ್ಟಿದ್ದು ಇಲ್ಲಿ. ಯಾರಿಗಾದರೂ ಆಕ್ಷೇಪಣೆ ಇದ್ದರೆ ಇರಲಿ ಎಂದು ಕೊಟ್ಟ ಹಾಳೆಗಳು ಅವು. ಮೂವತ್ತು ವರ್ಷದಲ್ಲಿ ಒಂದೂ ತುಂಬಿ ಬಂದದ್ದಿಲ್ಲ; ಎಲ್ಲರೂ ಖಾಲಿ ಹಾಳೆಗಳನ್ನೇ ವಾಪಸು ತಂದು ಕೊಡುತ್ತಿದ್ದರು. ಆದರೆ ರಟ್ಟಣ್ಣನಿಗೆ ಖಾಲಿ ನಮೂನೆಯೆಂದರೆ ಭಯ. ಹಿಂದೊಮ್ಮೆ ನಲ್ಲಿ ಸಂಪರ್ಕದ ಅರ್ಜಿಯಲ್ಲಿ ಒಂದು ಕಲಂ ಖಾಲಿ ಬಿಟ್ಟನೆಂದು ಅವನನ್ನು ನಾಲ್ಕು ಸಲ ಅಲೆಸಿದ್ದರು. ಸರ್ಕಾರ ಖಾಲಿ ಕಾಗದ ಕೊಡುವುದು ತುಂಬಿದ ಕಾಗದ ತೆಗೆದುಕೊಳ್ಳುವುದಕ್ಕೆ ಎಂಬುದು ಅಂದಿನಿಂದ ಅವನ ನಂಬಿಕೆ. ಹತ್ತು ನಮೂನೆ ಕೊಟ್ಟಿದ್ದಾರೆ ಎಂದರೆ ಹತ್ತು ಆಕ್ಷೇಪಣೆ ಬೇಕು. ಮೂವತ್ತು ದಿನದಲ್ಲಿ ಹತ್ತು ಆಕ್ಷೇಪಣೆ ಎಲ್ಲಿಂದ ತರುವುದು ಎಂಬ ಚಿಂತೆಯಲ್ಲೇ ಅವನು ಮನೆ ಸೇರಿದ.

ಮರುದಿನ ಒಗೆದ ಅಂಗಿ ತೊಟ್ಟು, ನಮೂನೆಗಳನ್ನು ಎದೆಗೊತ್ತಿಕೊಂಡು, ಮೊದಲು ಪಕ್ಕದ ದರ್ಜಿಯ ಅಂಗಡಿಗೆ ಹೋದ.

"ಒಂದು ಆಕ್ಷೇಪಣೆ ಕೊಡಬೇಕಿತ್ತಲ್ಲಪ್ಪ," ಎಂದ.

ದರ್ಜಿ ಹೊಲಿಗೆ ಯಂತ್ರ ನಿಲ್ಲಿಸಿ, ಯಾರ ಮೇಲೆ ಎಂದ. ನನ್ನ ಮೇಲೇ ಎಂದ ರಟ್ಟಣ್ಣ. ದರ್ಜಿ ಯೋಚಿಸಿ, ನಿಮ್ಮ ಮೇಲೆ ನನಗೇನೂ ಇಲ್ಲವಲ್ಲ ಎಂದ. ರಟ್ಟಣ್ಣನ ಮುಖ ಬಾಡಿತು. ಅದನ್ನು ನೋಡಲಾರದೆ ದರ್ಜಿ ಇನ್ನೊಮ್ಮೆ ಯೋಚಿಸಿದ. ಆ ಬೀದಿಯಲ್ಲಿ ಬಾಗಿಲಿಗೆ ಬಂದವರನ್ನು ಬರಿಗೈಯಲ್ಲಿ ಕಳಿಸಿದವರಿಲ್ಲ. ಕೊನೆಗೆ, ಹೋದ ವರ್ಷ ಅಳತೆ ತೆಗೆಯುವಾಗ ಇವರು ಅಲ್ಲಾಡಿದರು, ಅದರಿಂದ ತೋಳು ಗಿಡ್ಡವಾಗಿ ಕೆಟ್ಟ ಹೆಸರು ನನಗೆ ಬಂತು ಎಂದು ಬರೆದು ಸಹಿ ಹಾಕಿದ. ರಟ್ಟಣ್ಣ ಕೈಮುಗಿದು ಹಾಳೆ ತೆಗೆದುಕೊಂಡ.

ಗಿರಣಿಯವನು ಹಿಟ್ಟಿನ ಕೈಯಲ್ಲೇ ಬರೆದುಕೊಟ್ಟ: ಇವರು ಹದಿನೆಂಟು ವರ್ಷದಿಂದ ನಮ್ಮ ಗಿರಣಿಯ ಪಕ್ಕದಲ್ಲಿದ್ದರೂ ಒಂದು ದಿನವೂ ಸದ್ದಿನ ಬಗ್ಗೆ ದೂರು ಹೇಳಿಲ್ಲ, ಇದರ ಹಿಂದೆ ಏನೋ ಇದೆ. ಎದುರು ಮನೆಯ ಅಕ್ಕ ಎಷ್ಟು ಯೋಚಿಸಿದರೂ ಏನೂ ಹೊಳೆಯದೆ, ನೀನು ಕೇಳಿ ಕೇಳಿ ನಾನು ಕೊಡದೆ ಹೋದೆನಲ್ಲ ಎಂದು ಕಣ್ಣಲ್ಲಿ ನೀರು ತಂದುಕೊಂಡಳು. ಎರಡು ದಿನ ಗಡುವು ಕೇಳಿ, ಮೂರನೆಯ ದಿನ ಮುಖವರಳಿಸಿ ಬಂದು, ರಸ್ತೆಯಲ್ಲಿ ನಡೆಯುವಾಗ ಇವನು ಯಾರನ್ನೂ ನೋಡದೆ ನೆಲ ನೋಡಿಕೊಂಡು ಹೋಗುತ್ತಾನೆ ಎಂದು ಬರೆಸಿದಳು. ಮೂಲೆ ಮನೆಯ ನಿವೃತ್ತ ಮೇಷ್ಟ್ರಿಗೆ ಮಾತ್ರ ಯೋಚಿಸುವ ತೊಂದರೆಯಾಗಲಿಲ್ಲ. ಕೆಲಸದಿಂದ ಇಳಿದ ಮೇಲೆ ಯಾರೂ ಅವರ ಅಭಿಪ್ರಾಯ ಕೇಳಿರಲಿಲ್ಲ. ಅವರು ನಾಲ್ಕು ಭಾಗಗಳಲ್ಲಿ, ಪೀಠಿಕೆ ಮತ್ತು ಉಪಸಂಹಾರ ಸಹಿತ ಆಕ್ಷೇಪಿಸಿ, ಹೆಚ್ಚುವರಿ ಹಾಳೆ ಬೇಕೆಂದರು. ಹೆಂಡತಿಗೂ ಒಂದು ನಮೂನೆ ಹೋಯಿತು. ಯಾವ ಹೆಸರಾದರೂ ಇಟ್ಟುಕೊಳ್ಳಲಿ, ಅಂಟಿನ ಕೈಯಲ್ಲಿ ಬಾಗಿಲ ಚಿಲಕ ಮುಟ್ಟಬಾರದು ಎಂದು ಅವಳು ಬರೆದಳು.

ಒಂದು ವಾರದಲ್ಲಿ ಹತ್ತೂ ತುಂಬಿದವು. ರಟ್ಟಣ್ಣ ನೆಮ್ಮದಿಯ ಉಸಿರುಬಿಟ್ಟ. ಅಷ್ಟರಲ್ಲಿ ಹಿಂದಿನ ಬೀದಿಯಿಂದ ಮಾತು ಬಂತು. ಮುಂದಿನ ಬೀದಿಯವರನ್ನೆಲ್ಲ ಮನೆಗೆ ಹೋಗಿ ಕೇಳಿದನಂತೆ, ನಾವೇನು ಆಕ್ಷೇಪಿಸುವುದಕ್ಕೂ ಲಾಯಕ್ಕಿಲ್ಲವೇ ಎಂದು ಅಲ್ಲಿ ಮೂರು ಮನೆಯವರು ಮುಖ ದಪ್ಪ ಮಾಡಿದ್ದರಂತೆ. ರಟ್ಟಣ್ಣ ಅಂದೇ ಗೆರೆಕೋಲು ಕೈಗೆತ್ತಿಕೊಂಡ. ಅವನ ಮನೆಯಲ್ಲಿ ಹಾಳೆಗೆ ಬರವಿಲ್ಲ. ಕೂತು ಕೈಯಲ್ಲೇ ಗೆರೆ ಎಳೆದು ನಮೂನೆಗಳನ್ನು ತಯಾರಿಸಿ ಹಂಚಿದ. ಹೆಂಡತಿಯ ತಮ್ಮ ಬೇರೆ ಊರಿನಿಂದ ಬಸ್ಸು ಹತ್ತಿ ಬಂದು ತನ್ನ ಆಕ್ಷೇಪಣೆ ಸಲ್ಲಿಸಿದ. ಅವನದು ಗಂಭೀರವಾಗಿತ್ತು: ನನ್ನ ಅಕ್ಕನನ್ನು ಕೊಟ್ಟದ್ದು ಆ ಹೆಸರಿಗೆ, ಮದುವೆಯ ಕಾಗದದಲ್ಲಿ ಇರುವುದೂ ಆ ಹೆಸರು, ಭಾವ ಆ ಹೆಸರನ್ನೇ ಬಿಟ್ಟರೆ ನನ್ನ ಅಕ್ಕ ಯಾರ ಹೆಂಡತಿ?

ಹೊಸ ಹೆಸರು ಗೊತ್ತಿಲ್ಲ ಎಂಬ ಸುದ್ದಿ ಇದರ ಜೊತೆಗೇ ಹಬ್ಬಿ, ಆಕ್ಷೇಪಣೆ ಕೊಟ್ಟವರೆಲ್ಲ ಮೇಲೊಂದು ಹೆಸರನ್ನೂ ಕೊಟ್ಟರು. ದರ್ಜಿ ತನ್ನ ತಂದೆಯ ಹೆಸರು ಕೊಟ್ಟ. ಗಿರಣಿಯವನು, ಹೆಸರು ದೂರಕ್ಕೆ ಕೇಳಿಸುವಂತಿರಬೇಕು ಎಂದು ಎರಡು ಮೂರನ್ನು ಗಿರಣಿಯ ಸದ್ದಿನ ಮೇಲೆ ಕೂಗಿ ತೋರಿಸಿದ. ಮೇಷ್ಟ್ರು ಒಂದು ಪಟ್ಟಿಯನ್ನೇ ತಂದರು. ರಟ್ಟಣ್ಣ ಎಲ್ಲವನ್ನೂ ತಲೆಬಾಗಿ ಕೇಳಿಸಿಕೊಂಡು, ಸಂಜೆ ತಾಯಿಯ ಹತ್ತಿರ ಒಂದೊಂದಾಗಿ ಹೇಳುತ್ತಿದ್ದ. ತಾಯಿ ಪ್ರತಿಯೊಂದಕ್ಕೂ ಚೆನ್ನಾಗಿದೆ ಎಂದಳು. ಯಾವುದನ್ನೂ ಒಮ್ಮೆಯೂ ತನ್ನ ಬಾಯಿಂದ ಆಡಲಿಲ್ಲ. ಅವಳು ಆ ದಿನಗಳಲ್ಲಿ ಊಟ ಕಡಿಮೆ ಮಾಡಿದ್ದಳು. ಮನೆಯಲ್ಲಿ ಒಂದು ಕಾಗದದ ಕೆಲಸವಷ್ಟೇ ನಡೆಯುತ್ತಿದೆ ಎಂದು ರಟ್ಟಣ್ಣ ತಿಳಿದಿದ್ದ. ಅವಳಿಗೆ ಒಬ್ಬ ಮಗನನ್ನು ಎರಡನೆಯ ಸಲ ಕಳಿಸುವ ಕೆಲಸ ಅದು ಎಂದು ಹೆಂಡತಿಗೆ ಮಾತ್ರ ಸ್ವಲ್ಪ ಅಂದಾಜಿತ್ತು. ಅತ್ತೆ ಬೇಡ ಅಂದರೆ ಇದು ನಡೆಯುವುದಿಲ್ಲ, ಅವರ ಹೇಳಿಕೆ ಇಲ್ಲದೆ ನಿಮಗೆ ಆ ಹೆಸರು ಬಿಡಲೂ ಆಗುವುದಿಲ್ಲ, ಸ್ವಂತದ್ದು ಸಿಗುವುದೂ ಇಲ್ಲ ಎಂದು ಅವಳು ಒಂದು ದಿನ ಹೇಳಿದಳು. ಅಮ್ಮ ಬೇಡ ಅಂದರೆ ಹೀಗೇ ಇದ್ದುಬಿಡುತ್ತೇನೆ ಎಂದ ರಟ್ಟಣ್ಣ. ಅಂದನೇನೋ ನಿಜ, ಆಮೇಲೆ ಏಳನೇ ಕಲಮಿನ ಖಾಲಿ ಜಾಗವನ್ನು ಬಹಳ ಹೊತ್ತು ನೋಡುತ್ತ ಕೂತ.

ಮೂವತ್ತು ದಿನ ಕಳೆಯಿತು. ರಟ್ಟಣ್ಣ ಹಾಳೆಗಳನ್ನೆಲ್ಲ ಕೂಡಿಸಿ, ಅಂಚು ಕತ್ತರಿಸಿ, ಹೊಲಿದು, ಬೆನ್ನಿಗೆ ನೀಲಿ ಬಟ್ಟೆ ಹಚ್ಚಿ, ಗಟ್ಟಿ ರಟ್ಟು ಹಾಕಿ ಕಟ್ಟಿದ. ಕಟ್ಟುವಾಗ ಓದಲಿಲ್ಲ. ಕಟ್ಟುವವನು ಓದಬಾರದು, ಓದಿದರೆ ಹಾಳೆ ಸೊಟ್ಟಗಾಗುತ್ತದೆ ಎಂದು ಅವನಿಗೆ ಕಸುಬು ಕಲಿಸಿದ ಮುದುಕ ಹೇಳಿದ್ದ. ಅದನ್ನು ಅವನು ಒಂದು ವ್ರತದ ಹಾಗೆ ನಡೆಸಿಕೊಂಡು ಬಂದಿದ್ದ.

ಗುಮಾಸ್ತೆ ಪುಸ್ತಕ ತಿರುವಿ ನೋಡಿದ. ಮೊದಲ ಹಾಳೆ ನೋಡಿ ಕನ್ನಡಕ ಒರೆಸಿಕೊಂಡ. ಐದನೆಯದಕ್ಕೆ ಬಂದಾಗ ಎದ್ದು ನಿಂತ.

"ಏನ್ರೀ ಇದು? ಬೀದಿ ತುಂಬ ನಿಮಗೆ ವೈರಿಗಳೇನ್ರೀ?"

"ಇಲ್ಲ ಸಾರ್, ಎಲ್ಲ ಬಹಳ ಒಳ್ಳೆ ಜನ. ಪ್ರೀತಿಯಿಂದ ಕೊಟ್ರು."

"ನಲವತ್ಮೂರು ಇದಾವೆ."

"ಕಡಿಮೆ ಆಯ್ತಾ ಸಾರ್?"

ಗುಮಾಸ್ತೆ ಕೂತ. ಆಮೇಲೆ ಸಣ್ಣ ದನಿಯಲ್ಲಿ ತಿಳಿಸಿ ಹೇಳಿದ. ಒಂದು ಆಕ್ಷೇಪಣೆ ಬಂದರೂ ಅದರ ವಿಚಾರಣೆ ಆಗಬೇಕು, ಕೊಟ್ಟವರು ಖುದ್ದಾಗಿ ಬರಬೇಕು, ಅಧಿಕಾರಿಗಳು ಒಂದೊಂದಕ್ಕೂ ಉತ್ತರ ಬರೆಯಬೇಕು. ಹರಿದುಹಾಕೋಣವೆಂದರೆ ಹಾಳೆಗಳಿಗೆ ಪುಟಸಂಖ್ಯೆ ಹಾಕಿ ಹೊಲಿದಿದ್ದೀರಿ. ನಿಮ್ಮ ಹೊಲಿಗೆ ಬಿಚ್ಚುವುದು ಈ ಕಚೇರಿಯಲ್ಲಿ ಯಾರಿಗೂ ಆಗುವುದಿಲ್ಲ.

ತಾನು ಮಾಡಿದ್ದೇನೆಂದು ರಟ್ಟಣ್ಣನಿಗೆ ಆಗ ತಿಳಿಯಿತು. ಹಣೆಯ ಬೆವರನ್ನು ಅಂಗಿಯ ತೋಳಿನಲ್ಲಿ ಒರೆಸಿಕೊಳ್ಳಹೋದ; ತೋಳು ಗಿಡ್ಡವಾಗಿತ್ತು.

ಆ ಕಚೇರಿಯಲ್ಲಿ ವಿಚಾರಣೆಯ ಕೋಣೆ ಎಂಬುದೊಂದು ಇತ್ತು. ಅದರೊಳಗೆ ಕಾಲು ಮುರಿದ ಕುರ್ಚಿಗಳು ವರ್ಷಗಟ್ಟಲೆಯಿಂದ ವಿಶ್ರಾಂತಿ ಪಡೆಯುತ್ತಿದ್ದವು. ಅವುಗಳನ್ನು ಹೊರಹಾಕಿ, ನೆಲ ಗುಡಿಸಿ, ದಿನ ಗೊತ್ತುಮಾಡಿದರು. ಆ ದಿನ ಬೀದಿಗೆ ಬೀದಿಯೇ ಮಡಿಕೆ ಮುರಿಯದ ಬಟ್ಟೆ ತೊಟ್ಟು ಬಂತು. ಗಿರಣಿ ನಿಂತಿತು, ಆ ನಿಶ್ಶಬ್ದಕ್ಕೆ ಬೀದಿಯಲ್ಲಿ ಎರಡು ಮಕ್ಕಳು ಹೆದರಿ ಅತ್ತವಂತೆ. ಮೇಷ್ಟ್ರು ಐದನೆಯ ಭಾಗವೊಂದನ್ನು ಬರೆದು ತಂದಿದ್ದರು. ತಾಯಿ ಸೊಸೆಯ ಕೈಹಿಡಿದು ಮೆಟ್ಟಿಲು ಹತ್ತಿ ಬಂದು, ಗೋಡೆಯ ಪಕ್ಕ ಕೂತಳು.

ಅಧಿಕಾರಿ ಒಬ್ಬ ಹೆಂಗಸು. ದನಿ ಸಣ್ಣದು, ಆದರೆ ಪ್ರತಿಯೊಂದು ಹಾಳೆಯನ್ನೂ ಪೂರ್ತಿ ಓದುವವರು. ಅವರು ದರ್ಜಿಯನ್ನು ಕರೆದು, ಅಳತೆ ಕೊಡುವಾಗ ಅಲ್ಲಾಡಿದ್ದಕ್ಕೂ ಹೆಸರು ಬದಲಾವಣೆಗೂ ಏನು ಸಂಬಂಧ ಎಂದು ಕೇಳಿದರು.

"ಸಂಬಂಧ ಏನೂ ಇಲ್ಲ ಮೇಡಂ," ಎಂದ ದರ್ಜಿ. "ಬಾಗಿಲಿಗೆ ಬಂದು ಕೇಳಿದ್ರು. ಇಲ್ಲ ಅನ್ನೋಕಾಗತ್ತಾ?"

ಅಧಿಕಾರಿ ಗುಮಾಸ್ತೆಯ ಕಡೆ ನೋಡಿದರು. ಗುಮಾಸ್ತೆ ಫ್ಯಾನಿನ ಕಡೆ ನೋಡಿದ. ಅವರು ನಿಟ್ಟುಸಿರುಬಿಟ್ಟು, ವಿಷಯಕ್ಕೆ ಸಂಬಂಧಿಸಿಲ್ಲ ಎಂದು ಬರೆದರು. ಹೀಗೆ ಒಂದೊಂದೇ ನಡೆಯಿತು. ಪ್ರತಿಯೊಬ್ಬನೂ ತನ್ನ ಆಕ್ಷೇಪಣೆ ಬಿದ್ದುಹೋದಾಗ ತೃಪ್ತಿಯಿಂದ ಬಂದು ಕೂರುತ್ತಿದ್ದ, ಕೊಡುವುದನ್ನು ಕೊಟ್ಟಾಗಿತ್ತು. ಮೇಷ್ಟ್ರೊಬ್ಬರು ಮಾತ್ರ ಮೂರನೆಯ ಭಾಗವನ್ನು ಇನ್ನೊಮ್ಮೆ ಪರಿಶೀಲಿಸಬೇಕೆಂದು ಕೋರಿದರು.

ಹೆಂಡತಿಯ ತಮ್ಮನ ಸರದಿ ಬಂದಾಗ ಕೋಣೆ ಗಂಭೀರವಾಯಿತು. ಅಧಿಕಾರಿ, ಇದಕ್ಕೆ ನೀವೇ ಉತ್ತರ ಹೇಳಬೇಕು ಎಂದು ರಟ್ಟಣ್ಣನ ಹೆಂಡತಿಯನ್ನು ಕೇಳಿದರು. ಅವಳು ಎದ್ದು ಸೆರಗು ಸರಿಮಾಡಿಕೊಂಡಳು.

"ಮೂವತ್ತು ವರ್ಷದಲ್ಲಿ ನಾನು ಆ ಹೆಸರು ಹಿಡಿದು ಕರೆದೇ ಇಲ್ಲ ಮೇಡಂ. 'ಏನ್ರೀ' ಅಂತೀನಿ, ಇವರು 'ಹೂಂ' ಅಂತಾರೆ. ನಾನು ಮದುವೆ ಆಗಿರೋದು ಆ 'ಹೂಂ'ಗೆ. ಅದನ್ನ ಬದಲಾಯಿಸಬೇಡಿ, ಸಾಕು." ಆಮೇಲೆ ತಮ್ಮನ ಕಡೆ ತಿರುಗಿ, "ನೀನು ಬಸ್ ಚಾರ್ಜು ಹಾಕ್ಕೊಂಡು ಇದಕ್ಕೇ ಬಂದ್ಯೇನೋ?" ಎಂದಳು.

ಪತ್ನಿಯ ಹೇಳಿಕೆಯಂತೆ ಬಾಧಕವಿಲ್ಲ ಎಂದು ಅಧಿಕಾರಿ ಬರೆದರು. ಬರೆಯುವಾಗ ಅವರ ತುಟಿಯ ಮೂಲೆ ಸ್ವಲ್ಪ ಅಲ್ಲಾಡಿತೆಂದು ದರ್ಜಿ ಆಮೇಲೆ ಹೇಳಿದ. ಅಲ್ಲಾಡಿದ್ದನ್ನು ಗುರುತಿಸುವುದು ಅವನ ಕಸುಬು.

ಕೊನೆಗೆ ಉಳಿದದ್ದು ನಲವತ್ತಮೂರನೆಯದು. ಅಧಿಕಾರಿ ಅದನ್ನು ಓದಿದರು. ಇನ್ನೊಮ್ಮೆ ಓದಿದರು. ಕನ್ನಡಕ ತೆಗೆದು ಮೇಜಿನ ಮೇಲಿಟ್ಟರು. ಅಕ್ಷರ ಮೇಷ್ಟ್ರದ್ದು, ಆದರೆ ಪೀಠಿಕೆ ಇರಲಿಲ್ಲ, ಉಪಸಂಹಾರ ಇರಲಿಲ್ಲ. ಹೇಳಿದ್ದಕ್ಕೆ ಒಂದು ಮಾತನ್ನೂ ಸೇರಿಸದೆ ಮೇಷ್ಟ್ರು ಬರೆದದ್ದು ಜೀವಮಾನದಲ್ಲಿ ಅದೊಂದೇ ಇರಬೇಕು. ಕೆಳಗೆ ಹೆಬ್ಬೆಟ್ಟಿನ ಗುರುತಿತ್ತು. ಅಧಿಕಾರಿ ಮೆಲ್ಲಗೆ ಓದಿ ಹೇಳಿದರು:

"ಇವನು ಆ ಹೆಸರು ಬಿಟ್ಟರೆ ನನ್ನ ದೊಡ್ಡ ಮಗ ಎಲ್ಲಿಗೆ ಹೋಗಬೇಕು?"

ಆ ಹಾಳೆಯನ್ನು ತನ್ನ ಕೈಯಾರೆ ಹೊಲಿದ ರಟ್ಟಣ್ಣ ತಾಯಿಯ ಕಡೆ ತಿರುಗಿದ. ತಾಯಿ ತನ್ನ ಹೆಬ್ಬೆಟ್ಟನ್ನು ನೋಡಿಕೊಳ್ಳುತ್ತಿದ್ದಳು.

ಅಧಿಕಾರಿ ತಮ್ಮ ಕುರ್ಚಿ ಬಿಟ್ಟು ಎದ್ದು, ಗೋಡೆಯ ಪಕ್ಕ ಬಂದು ಅವಳ ಬದಿಯಲ್ಲಿ ಕೂತರು. ದೊಡ್ಡ ಮಗ ಈಗ ಎಲ್ಲಿದಾನೆ ಅಮ್ಮಾ ಎಂದು ಕೇಳಿದರು.

"ಇವನ ಚೀಟಿಯಲ್ಲಿದಾನೆ ಕಣಮ್ಮ," ಎಂದಳು ತಾಯಿ. "ಶಾಲೆಯಲ್ಲಿ ಹಾಜರಿ ಕೂಗ್ತಿದ್ರು. ಅವನ ಹೆಸರಿಗೆ ಯಾರೋ ಒಬ್ರು 'ಬಂದಿದೀನಿ' ಅಂತಿದ್ರಲ್ಲ, ನನಗೆ ಅಷ್ಟೇ ಸಾಕಿತ್ತು. ವೋಟು ಹಾಕಿದ. ಅವನ ಹೆಸರಲ್ಲಿ ಮದುವೆ ಕಾಗದ ಅಚ್ಚಾಯ್ತು. ಎರಡು ವರ್ಷದ ಮಗೂಗೆ ಇಷ್ಟೆಲ್ಲ ಆಯ್ತು. ಈಗ ಇವನು ಬೇಡ ಅಂತಾನೆ."

"ಬೇಡ ಅಂತಲ್ಲ ಅಮ್ಮ," ಎಂದ ರಟ್ಟಣ್ಣ. "ಅಣ್ಣಂದು ಅಣ್ಣನಿಗಿರಲಿ ಅಂತ."

"ಇಟ್ಕೊಳ್ಳೋಕೆ ಅವನಿಗೆ ಜಾಗ ಎಲ್ಲಿದೆಯೋ?"

ಅಧಿಕಾರಿ ಹೇಳಿದರು: ಜಾಗ ಇದೆ. ಮರಣದ ರಿಜಿಸ್ಟರಿನಲ್ಲಿ ಒಂದು ಸಾಲು. ಅವನ ಹೆಸರು, ಹುಟ್ಟಿದ ದಿನ, ಹೋದ ದಿನ, ತಾಯಿಯ ಹೆಸರು. ಅದನ್ನು ಯಾರೂ ಬೇರೆಯವರು ತೆಗೆದುಕೊಳ್ಳುವ ಹಾಗಿಲ್ಲ. ತಾಯಿ ಎಲ್ಲವನ್ನೂ ಕೇಳಿಸಿಕೊಂಡು, ಆ ಪುಸ್ತಕವನ್ನು ಎಷ್ಟು ದಿನ ಇಟ್ಟಿರುತ್ತೀರಿ ಎಂದು ಕೇಳಿದಳು. ಯಾವತ್ತಿಗೂ ಎಂದರು ಅಧಿಕಾರಿ. ಸರ್ಕಾರದ ಯಾವತ್ತಿಗೂ ಎಂಬುದು ಎಷ್ಟು ದಿನ ಎಂದು ತಾಯಿಗೆ ಎಂಬತ್ತೆರಡು ವರ್ಷದ ಅನುಭವವಿತ್ತು. ಅವಳು ತಲೆಯಾಡಿಸಲಿಲ್ಲ.

ರಟ್ಟಣ್ಣ ಎದ್ದು ಪಕ್ಕದ ಕೋಣೆಗೆ ಹೋದ. ಯಾರ ಅಪ್ಪಣೆಯನ್ನೂ ಕೇಳದೆ ಅವನು ಮಾಡಿದ ಮೊದಲ ಕೆಲಸ ಅದು. ಬೀರುವಿನಿಂದ ಒಂದು ಹಳೆಯ ಮರಣದ ರಿಜಿಸ್ಟರನ್ನು ಎರಡೂ ಕೈಯಲ್ಲಿ ಹೊತ್ತು ತಂದು, ತಾಯಿಯ ಮಡಿಲಲ್ಲಿ ನಡುವೆ ತೆರೆದಿಟ್ಟ. ಗುಮಾಸ್ತೆ ಬಾಯಿ ತೆರೆದ. ಅಧಿಕಾರಿ ಕೈಯೆತ್ತಿ ಸುಮ್ಮನಿರಿಸಿದರು.

"ಒಂದು ಹಾಳೆ ಹಿಡಿದು ಎಳಿ ಅಮ್ಮ."

ತಾಯಿ ಅಂಜುತ್ತ ಒಂದು ಹಾಳೆ ಹಿಡಿದು ಎಳೆದಳು. ಬರಲಿಲ್ಲ.

"ಜೋರಾಗಿ ಎಳಿ."

ಹಾಳೆ ಟಕ್ಕೆಂದು ಬಿಗಿಯಿತು, ಬೆನ್ನು ಬಿಡಲಿಲ್ಲ. ತಾಯಿ ಎರಡು ಹಾಳೆಗಳ ನಡುವಿನ ಹೊಲಿಗೆಯ ಮೇಲೆ ಬೆರಳಾಡಿಸಿದಳು. ಆ ದಾರವನ್ನು ಅವಳ ಬೆರಳು ಗುರುತಿಸಿತು. ಕೈ ನಡುಗುವ ಮೊದಲಿನ ವರ್ಷಗಳಲ್ಲಿ, ಮಗ ಹೊಲಿಯುವ ದಾರಕ್ಕೆಲ್ಲ ಮೇಣ ತಿಕ್ಕಿ ಕೊಡುತ್ತಿದ್ದವಳು ಅವಳೇ.

"ಇದು ನಾನು ತಿಕ್ಕಿದ್ದು."

"ಹೂಂ."

"ಇದರಲ್ಲೇ ಇರ್ತಾನಾ?"

"ಇದೇ ಥರದ್ದರಲ್ಲಿ. ಅದನ್ನೂ ನಾನೇ ಕಟ್ಟಿದೀನಿ. ಬೀಳಲ್ಲ ಅಮ್ಮ."

ತಾಯಿ ಪುಸ್ತಕದ ಮೇಲೆ ಅಂಗೈ ಇಟ್ಟಳು. ಆಮೇಲೆ ಹೇಳತೊಡಗಿದಳು. ದೊಡ್ಡವನು ಹೋದ ವರ್ಷ, ತಿಂಗಳು, ದಿನ ಹೇಳಿದಳು. ಬೆಳಗಿನ ಜಾವವಾಗಿತ್ತು ಎಂದಳು. ನೀರು ಕೇಳಿದ, ಲೋಟ ತಾನೇ ಹಿಡಿಯುತ್ತೇನೆಂದು ಹಟ ಮಾಡಿದ, ಹಿಡಿದ ಎಂದಳು. ಐವತ್ತೆಂಟು ವರ್ಷದಲ್ಲಿ ರಟ್ಟಣ್ಣ ಇದನ್ನು ಕೇಳಿರಲಿಲ್ಲ. ಗುಮಾಸ್ತೆ ದಿನಾಂಕವನ್ನು ಮಾತ್ರ ಬರೆದುಕೊಳ್ಳಬೇಕಿತ್ತು. ಲೋಟದ ಮಾತನ್ನೂ ಬರೆದುಕೊಂಡು, ಆಮೇಲೆ ನೋಡಿ, ಹೊಡೆಯದೆ ಬಿಟ್ಟ. ಬೀದಿಯವರೆಲ್ಲ ನೆಲ ನೋಡುತ್ತಿದ್ದರು. ಎದುರು ಮನೆಯ ಅಕ್ಕನೂ ನೆಲವನ್ನೇ ನೋಡುತ್ತಿದ್ದಳು.

ನಲವತ್ತಮೂರನೆಯ ಆಕ್ಷೇಪಣೆಯ ಮುಂದೆ ಅಧಿಕಾರಿ ಏನೂ ಬರೆಯಲಿಲ್ಲ. ಹಿಂದಕ್ಕೆ ತೆಗೆದುಕೊಳ್ಳುತ್ತೀರಾ ಅಮ್ಮಾ ಎಂದು ಕೇಳಿದರು. ತಾಯಿ ಹೂಂ ಎಂದಳು.

ಗುಮಾಸ್ತೆ ಗಂಟಲು ಸರಿಮಾಡಿಕೊಂಡು, ಏಳನೇ ಕಲಂ ಇನ್ನೂ ಖಾಲಿ ಇದೆ ಎಂದ. ಅಷ್ಟು ಸಾಕಾಯಿತು. ದರ್ಜಿ ತನ್ನ ತಂದೆಯ ಹೆಸರನ್ನು ನೆನಪಿಸಿದ, ಗಿರಣಿಯವನು ಎದ್ದು ನಿಂತ, ಮೇಷ್ಟ್ರು ಜೇಬಿನಿಂದ ಪಟ್ಟಿ ತೆಗೆದರು. ರಟ್ಟಣ್ಣ ಯಾವುದಾದರೂ ಆಗಲಿ ಎಂದು ಕೈಮುಗಿದು ನಿಂತ.

"ಇದೆ," ಎಂದಳು ತಾಯಿ.

ಮೇಷ್ಟ್ರು ಪಟ್ಟಿಯನ್ನು ಮತ್ತೆ ಜೇಬಿಗೆ ಹಾಕಿಕೊಂಡರು.

"ನೀನು ಹೊಟ್ಟೆಯಲ್ಲಿದ್ದಾಗಲೇ ಆರಿಸಿಟ್ಟಿದ್ದೆ. ಅವನಿಗೂ ಹೇಳಿಕೊಟ್ಟಿದ್ದೆ, ತೊದಲ್ತಾ ಕರೀತಿದ್ದ ನಿನ್ನ. ಅವನು ಹೋದಮೇಲೆ ನನಗೆ ಬಾಯಿ ಬರಲಿಲ್ಲ. ಚಿಕ್ಕೋನು ಅಂದ್ರೆ ದೊಡ್ಡೋನು ಒಬ್ಬ ಇದಾನೆ ಅಂತಾಗತ್ತಲ್ಲ, ಹಾಗಂತಲೇ ಕರೆದೆ." ಅವಳು ರಿಜಿಸ್ಟರನ್ನು ಮುಚ್ಚಿ ಸೊಸೆಯ ಕೈಗೆ ಕೊಟ್ಟಳು. "ನಿನ್ನದು ನನ್ನ ಹತ್ತಿರ ಉಳಿದುಬಿಟ್ಟಿತ್ತು. ಬಾ ಇಲ್ಲಿ."

ರಟ್ಟಣ್ಣ ಹತ್ತಿರ ಹೋದ. ಅವನಿಗೆ ಏನು ಮಾಡಬೇಕೆಂದು ತಿಳಿಯಲಿಲ್ಲ. ಕೈಗೆ ಕೊಡುವ ವಸ್ತುವೇನೋ ಎಂಬ ಹಾಗೆ ಎರಡೂ ಅಂಗೈ ಜೋಡಿಸಿ ತಾಯಿಯ ಮುಂದೆ ಒಡ್ಡಿದ. ತಾಯಿ ನಗಲಿಲ್ಲ. ಅಂಟಿನ ಕಲೆಗಳಿದ್ದ ಆ ಅಂಗೈಗಳ ಮೇಲೆ ತನ್ನ ಕೈಯಿಟ್ಟು, ಗುಮಾಸ್ತೆಗೂ ಕೇಳಿಸದಷ್ಟು ಮೆಲ್ಲಗೆ, ಹೆಸರನ್ನು ಕೊಟ್ಟಳು.